ಸೇತುರಾಮ ಮಾಡಿದ ಸನ್ಮಾನ

"ನಮ್ಮ ಗ್ರೌಂಡ್ ನೋಡಿದ್ರಾ? ಕಟಿಂಗ್ ಶಾಪಿಂದ ಅರ್ಧಕ್ಕೇ ಎದ್ದು ಬಂದವನ ತಲೆ ಇದ್ದ ಹಾಗಿದೆ. ಆ ಶಾಪಿನ ಓನರ್ ಯಾರು ಅಂತ ನಾನು ಹೇಳಬೇಕಾಗಿಲ್ಲ."

ವಸಿಷ್ಠ ಮೈಕಿನಲ್ಲಿ ಇಷ್ಟು ಹೇಳಿ ಮೂರನೆಯ ಸಾಲಿನ ಕಡೆ ನೋಡಿದ. ಸಭೆ ಗೊಳ್ಳೆಂದು ನಕ್ಕಿತು. ಮೂರನೆಯ ಸಾಲಿನಲ್ಲಿ ಕೂತಿದ್ದ ಸೇತುರಾಮ ಮಾತ್ರ ನಗಲಿಲ್ಲ. ಯಾರು ಯಾರು ನಗುತ್ತಿದ್ದಾರೆ ಎಂದು ಒಂದೊಂದೇ ಮುಖ ನೋಡಿಕೊಂಡ.

ಜೆ.ಪಿ. ನಗರದ ಆ ಕ್ರಿಕೆಟ್ ಕ್ಲಬ್ಬಿಗೆ ವಸಿಷ್ಠ ಅಧ್ಯಕ್ಷ, ಸೇತುರಾಮ ಮೈದಾನದ ಉಸ್ತುವಾರಿ. ಇಬ್ಬರೂ ಜಯನಗರದ ಒಂದೇ ಬೀದಿಯಲ್ಲಿ ಬೆಳೆದವರು. ವಸಿಷ್ಠನ ತಂದೆ ಶಾಲೆಯಲ್ಲಿ ಗಣಿತದ ಮೇಷ್ಟ್ರು. ಸಂಜೆಯಾದರೆ ಬೀದಿಯ ಹುಡುಗರನ್ನೆಲ್ಲ ಕಟ್ಟಿಕೊಂಡು ಕ್ರಿಕೆಟ್ ಹೇಳಿಕೊಡುತ್ತಿದ್ದರು. ಮಗನ ಕೈಗೆ ಬ್ಯಾಟು ಕೊಟ್ಟರು, ಸೇತುರಾಮನ ಕೈಗೆ ಕೀಪರ್ ಗ್ಲೌಸು. ಆಟ ಮುಗಿದ ಮೇಲೆ ಮೇಷ್ಟ್ರ ಹೆಂಡತಿ ಇಬ್ಬರನ್ನೂ ಅಡುಗೆಮನೆಯ ಬಾಗಿಲಲ್ಲಿ ಕೂರಿಸಿ ಉಪ್ಪಿಟ್ಟು ಬಡಿಸುತ್ತಿದ್ದರು. ಮುಂದೆ ವಸಿಷ್ಠ ಆಡಿಟರ್ ಆದ. ಸೇತುರಾಮ ದೂರವಾಣಿ ಇಲಾಖೆಯಲ್ಲಿ ಎಂಜಿನಿಯರ್ ಆಗಿ, ನಿವೃತ್ತನಾಗಿ, ಬನಶಂಕರಿಯಲ್ಲಿ ಹೆಂಡತಿ ಚೂಡಾಮಣಿಯೊಂದಿಗೆ ಇದ್ದ. ಮಕ್ಕಳಿರಲಿಲ್ಲ. ಬೆಳಗಾದರೆ ಸ್ಕೂಟರ್ ಹತ್ತಿ ಕ್ಲಬ್ಬಿಗೆ ಹೋಗುವುದೇ ಅವನ ಬದುಕಾಗಿತ್ತು.

ಕ್ಲಬ್ಬಿಗೆ ಆ ಹುಲ್ಲು ಕೊಯ್ಯುವ ಗಾಡಿ ಬಂದದ್ದೂ ಅವನ ಹಟದಿಂದಲೇ. ಪುಟ್ಟ ಟ್ರ್ಯಾಕ್ಟರಿನ ಹಾಗೆ ಮೇಲೆ ಕೂತು ಓಡಿಸುವ ಗಾಡಿ. ಹೊಟ್ಟೆಯ ಕೆಳಗೆ ಕವುಚಿ ಹಾಕಿದ ಬಾಣಲೆಯಂಥ ಕಬ್ಬಿಣದ ಡೆಕ್, ಅದರೊಳಗೆ ಅಕ್ಕಪಕ್ಕ ಎರಡು ಬ್ಲೇಡು. ಓಡಿಸಲು ವಿಜಯಪುರದ ಕಡೆಯ ಸಂಗಮೇಶನನ್ನು ಸೇತುರಾಮನೇ ತಯಾರು ಮಾಡಿದ್ದ. ಎರಡು ವರ್ಷ ಮೈದಾನ ಹಾಸಿದ ಜಮಖಾನದ ಹಾಗಿತ್ತು.

ಆ ನವೆಂಬರಿನಲ್ಲಿ ಮಾತ್ರ ಏನೋ ಕೆಟ್ಟಿತು. ಗಾಡಿ ಹೋದ ದಾರಿಯಲ್ಲಿ ಒಂದು ಪಟ್ಟಿ ಬೋಳು, ಪಕ್ಕದ ಪಟ್ಟಿ ಪೊದೆ. ಇಡೀ ಮೈದಾನ ಮೆಟ್ಟಿಲು ಮೆಟ್ಟಿಲಾಯಿತು. ಒಂದು ದಿನ ಫೀಲ್ಡಿಂಗ್ ಮಾಡುತ್ತಿದ್ದ ಆಟಗಾರನೊಬ್ಬನ ಮುಂದೆ ಚೆಂಡು ಅಂಥದೇ ಒಂದು ಮೆಟ್ಟಿಲಿಗೆ ತಗುಲಿ ಎದ್ದು ಅವನ ತುಟಿ ಸೀಳಿತು. ಡಿಸೆಂಬರಿನ ಸಭೆಯಲ್ಲಿ ವಸಿಷ್ಠ ಕಟಿಂಗ್ ಶಾಪಿನ ಮಾತಾಡಿದ್ದು ಅದರ ಮೇಲೆಯೇ. ಅಲ್ಲೇ ಕೈ ಎತ್ತಿಸಿ ಸೇತುರಾಮನನ್ನು ಉಸ್ತುವಾರಿಯಿಂದ ತೆಗೆದರು. ಸಂಗಮೇಶನನ್ನೂ ಬಿಡಿಸಿದರು. ಗಾಡಿಯನ್ನು ಗುಜರಿಗೆ ಹಾಕಿ, ಹೆಗಲಿಗೆ ಮೆಷಿನ್ ನೇತುಹಾಕಿಕೊಂಡು ಹುಲ್ಲು ಸವರುವ ಕಂಟ್ರಾಕ್ಟರ್‌ನನ್ನು ತರುವುದೆಂದು ತೀರ್ಮಾನವಾಯಿತು.

ಸಭೆ ಮುಗಿದ ಮೇಲೆ ವಸಿಷ್ಠ ಹತ್ತಿರ ಬಂದು ಭುಜದ ಮೇಲೆ ಕೈಯಿಟ್ಟ. "ತಪ್ಪು ತಿಳ್ಕೋಬೇಡ ಸೇತು. ವಯಸ್ಸಾಯ್ತು ನಮಗೂ. ಮನೇಲಿ ಹಾಯಾಗಿರು."

ಸೇತುರಾಮ ಆ ಕೈಯನ್ನು ಭುಜದಿಂದ ಎತ್ತಿ ಪಕ್ಕಕ್ಕಿಟ್ಟು ಸ್ಕೂಟರ್ ಹತ್ತಿದ.

ಮನೆಯಲ್ಲಿ ಅವನು ಹಾಯಾಗಿರಲಿಲ್ಲ. ಊಟದ ತಟ್ಟೆಯ ಮುಂದೆ ಕೂತರೂ ಆ ನಗು ಕೇಳುತ್ತಿತ್ತು. ಬೈದಿದ್ದರೆ ತಡೆದುಕೊಳ್ಳುತ್ತಿದ್ದ, ನಗೆಪಾಟಲು ಮಾಡಿದ್ದನ್ನು ತಡೆಯಲಾಗಲಿಲ್ಲ. ಅದಕ್ಕಿಂತ ಒಳಗೆ ಇನ್ನೊಂದು ಚುಚ್ಚುತ್ತಿತ್ತು. ನಿಜವಾಗಿ ತನ್ನದೇ ತಪ್ಪಿದ್ದರೆ? ತಾನೇ ಎಲ್ಲೋ ನಟ್ಟು ಸರಿಯಾಗಿ ಬಿಗಿಸಿರಲಿಲ್ಲವೇ? ಇದು ಗೊತ್ತಾಗುವವರೆಗೂ ಸಿಟ್ಟು ಮಾಡಿಕೊಳ್ಳುವ ಹಕ್ಕೂ ತನಗಿಲ್ಲ ಎನ್ನಿಸಿ ಅವನಿಗೆ ಇನ್ನಷ್ಟು ಸಿಟ್ಟು ಬಂತು.

ಬೊಮ್ಮನಹಳ್ಳಿಯ ಗುಜರಿ ಅಂಗಡಿಯಲ್ಲಿ ಗಾಡಿ ಇನ್ನೂ ಬಿಚ್ಚದೆ ನಿಂತಿದೆ ಎಂದು ಗೊತ್ತಾದ ದಿನವೇ ಹೋಗಿ ಅದನ್ನು ಕೊಂಡು, ಟೆಂಪೊದಲ್ಲಿ ಹಾಕಿಸಿಕೊಂಡು ಮನೆಗೆ ತಂದ. ಕಾರನ್ನು ಬೀದಿಗೆ ಹಾಕಿ ಪೋರ್ಟಿಕೊದಲ್ಲಿ ಗಾಡಿ ನಿಲ್ಲಿಸಿದ.

ರಂಗೋಲಿ ಹಾಕುತ್ತಿದ್ದ ಚೂಡಾಮಣಿ ಎದ್ದು ನಿಂತಳು. "ಏನ್ರೀ ಇದು? ನಮ್ಮನೇಲಿ ಹುಲ್ಲೆಲ್ಲಿದೆ? ತುಳಸಿ ಕಟ್ಟೆ ಸುತ್ತ ಓಡಿಸ್ತೀರಾ?"

"ಇದು ಯಾಕೆ ಹಾಗೆ ಕೊಯ್ತು ಅಂತ ನಂಗೆ ಗೊತ್ತಾಗ್ಬೇಕು."

"ಗೊತ್ತಾದ್ರೆ?"

"ಗೊತ್ತಾದ್ಮೇಲೆ ಹೇಳ್ತೀನಿ."

ಓಡಿಸಿ ನೋಡಲು ಜಾಗ ಬೇಕಿತ್ತು. ಅಂಜನಾಪುರದ ಒಂದು ಶಾಲೆಯಲ್ಲಿ ಚಿದಾನಂದ್ ದೈಹಿಕ ಶಿಕ್ಷಣದ ಮೇಷ್ಟ್ರಾಗಿದ್ದ. ಹಿಂದೆ ಇದೇ ಕ್ಲಬ್ಬಿನಲ್ಲಿ ಬೌಲಿಂಗ್ ಮಾಡುತ್ತಿದ್ದವನು. ಶಾಲೆಯ ಹಿಂದೆ ದೊಡ್ಡ ಬಯಲು, ಮೊಣಕಾಲುದ್ದದ ಹುಲ್ಲು. ಸೇತುರಾಮ ಫೋನ್ ಮಾಡಿದಾಗ ಚಿದಾನಂದ್, "ಬನ್ನಿ ಸಾರ್, ಹಾವು ಸೇರ್ಕೊಂಡಿದೆ ಅಂತ ಮಕ್ಕಳನ್ನ ಬಿಡ್ತಿಲ್ಲ ನಾವು. ಎಷ್ಟು ಬೇಕೋ ಅಷ್ಟು ಕೊಯ್ಕೊಳ್ಳಿ" ಎಂದ. ಗಾಡಿ ಅಂಜನಾಪುರಕ್ಕೆ ಹೋಯಿತು.

ಮೊದಲು ಟೈರು ನೋಡಿದ. ಬಲಗಡೆಯ ಹಿಂದಿನ ಟೈರಿನಲ್ಲಿ ಗಾಳಿ ಕಡಿಮೆಯಿತ್ತು. ಒಂದು ಕಡೆ ಗಾಳಿ ಇಳಿದರೆ ಗಾಡಿ ವಾಲುತ್ತದೆ, ವಾಲಿದ ಕಡೆ ಹುಲ್ಲು ಹೆಚ್ಚು ಹೋಗುತ್ತದೆ. ಇಷ್ಟೇನಾ ಎಂದು ಗಾಳಿ ತುಂಬಿಸಿ ಓಡಿಸಿದ. ಇಳಿದು ಹಿಂದೆ ತಿರುಗಿದರೆ ಅದೇ ಮೆಟ್ಟಿಲು.

ಬ್ಲೇಡು ಮೊಂಡಾಗಿರಬೇಕು ಎಂದುಕೊಂಡ. ಎರಡನ್ನೂ ಬಿಚ್ಚಿ ಸಾಣೆ ಹಿಡಿಸಿದ. ಒಂದು ತುದಿ ಭಾರವಾಗದಂತೆ ಪ್ರತಿ ಬ್ಲೇಡನ್ನೂ ಮೊಳೆಗೆ ನೇತುಹಾಕಿ ತೂಗಿ ನೋಡಿ ಮತ್ತೆ ಹಾಕಿದ. ಗಾಡಿ ಈಗ ಹುಲ್ಲಿನ ತುದಿಯನ್ನು ನೀಟಾಗಿ ಕತ್ತರಿಸಿತು, ಆದರೆ ಮೆಟ್ಟಿಲು ಹೋಗಲಿಲ್ಲ.

ಡೆಕ್ಕಿನ ಒಳಮೈಯಲ್ಲಿ ಹಳೆಯ ಹುಲ್ಲು ಸಗಣಿಯ ಹಾಗೆ ಮೆತ್ತಿಕೊಂಡಿತ್ತು. ಮಲಗಿಕೊಂಡು, ಅಡುಗೆಮನೆಯಿಂದ ಕದ್ದು ತಂದ ದೋಸೆ ಮಗುಚುವ ಸಟ್ಟುಗದಿಂದ ಕೆರೆದು ಕೆರೆದು ತೆಗೆದ. ಅದಕ್ಕೂ ಬಗ್ಗಲಿಲ್ಲ. ಶಾಲೆಯ ಸಿಮೆಂಟ್ ನೆಲದ ಮೇಲೆ ಗಾಡಿ ನಿಲ್ಲಿಸಿ, ಡೆಕ್ಕಿನ ಅಂಚು ನೆಲದಿಂದ ಎಡಕ್ಕೆಷ್ಟು ಬಲಕ್ಕೆಷ್ಟು ಎಂದು ಸ್ಕೇಲಿನಲ್ಲಿ ಅಳೆದ. ಸ್ವಲ್ಪ ವಾಲಿತ್ತು. ಡೆಕ್ಕನ್ನು ಎತ್ತಿ ಹಿಡಿಯುವ ಸರಳುಗಳ ನಟ್ಟು ತಿರುಗಿಸಿ ಎರಡೂ ಕಡೆ ಸಮ ಮಾಡಿದ. ಈ ಸಲ ಖಂಡಿತ ಎಂದು ಓಡಿಸಿದ. ಎಡಗಡೆಯ ಬ್ಲೇಡು ಹೋದ ಕಡೆ ಮತ್ತೆ ಹುಲ್ಲು ತಗ್ಗು.

ಸೇತುರಾಮ ಸ್ಪಾನರನ್ನು ಬೀಸಿ ಎಸೆದ. ಅದು ಹೋಗಿ ಶಾಲೆಯ ಗೋಡೆಗೆ ಬಡಿಯಿತು. ಚಿದಾನಂದ್ ಅದನ್ನು ಹೆಕ್ಕಿ ತಂದು ಕೈಗೆ ಕೊಟ್ಟು, "ಬಿಡಿ ಸಾರ್, ಇದಕ್ಕೆ ಯಾರದೋ ದೃಷ್ಟಿ ತಾಕಿದೆ" ಎಂದ.

"ದೃಷ್ಟಿ ಅಲ್ಲ ಕಣೋ. ಏನೋ ತಾಕಿದೆ" ಎಂದ ಸೇತುರಾಮ. ಸಾಣೆ ಹಿಡಿಸುವಾಗ ನೋಡಿಯೂ ನೋಡದೆ ಬಿಟ್ಟಿದ್ದು ಆಗ ತಲೆಗೆ ಬಂತು. ಎಡಗಡೆಯ ಬ್ಲೇಡು ಬಲಗಡೆಯದಕ್ಕಿಂತ ಹೊಸದು. ಅದನ್ನು ತಾನು ಹಾಕಿಸಿರಲಿಲ್ಲ.

ಮತ್ತೆ ಗಾಡಿಯ ಕೆಳಗೆ ಮಲಗಿದ. ಎಡ ಬ್ಲೇಡಿನ ಒಂದು ತುದಿಯನ್ನು ಹೊರಗಡೆಗೆ ತಿರುಗಿಸಿ ನೆಲದಿಂದ ಅಳೆದ. ಬ್ಲೇಡನ್ನು ಅರ್ಧ ಸುತ್ತು ತಿರುಗಿಸಿ, ಇನ್ನೊಂದು ತುದಿಯನ್ನು ಅದೇ ಜಾಗಕ್ಕೆ ತಂದು ಅಳೆದ. ಒಂದು ತುದಿ ಅರ್ಧ ಬೆರಳಿನಷ್ಟು ಕೆಳಗಿತ್ತು. ಬಲಗಡೆಯ ನೇರ ಬ್ಲೇಡನ್ನು ಬಿಚ್ಚಿ ಅಲ್ಲಿಗೆ ಹಾಕಿ ನೋಡಿದ. ಅದೂ ಹಾಗೇ ಇಳಿಯಿತು. ಅಂದರೆ ಬ್ಲೇಡಿನದಲ್ಲ ದೋಷ. ಬ್ಲೇಡನ್ನು ತಿರುಗಿಸುವ ದಪ್ಪ ಕಂಬಿ, ಆ ಶಾಫ್ಟೇ ಬಾಗಿತ್ತು. ಬಾಗಿದ ಶಾಫ್ಟಿನ ಮೇಲೆ ಬ್ಲೇಡು ಓರೆಯಾಗಿ ಸುತ್ತಿ ತನ್ನ ಕೆಳಗಿನ ತುದಿಯಿಂದ ಹುಲ್ಲನ್ನು ಬೋಳಿಸುತ್ತಿತ್ತು. ಹುಲ್ಲು ಕೊಯ್ದು ಅಂಥ ಶಾಫ್ಟ್ ಬಾಗುವುದಿಲ್ಲ. ಓಡುತ್ತಿರುವ ಬ್ಲೇಡು ಕಲ್ಲಿಗೆ ಹೊಡೆಯಬೇಕು.

ಡೆಕ್ಕಿನ ಎಡ ಅಂಚನ್ನು ಬಟ್ಟೆಯಿಂದ ಒರೆಸಿದ. ಒಂದು ಕಡೆ ತಗ್ಗು ಬಿದ್ದಿತ್ತು. ಆ ತಗ್ಗಿನೊಳಗೆ ಬಣ್ಣ ಅಂಟಿತ್ತು. ಹಳದಿ, ಅದರ ಪಕ್ಕಕ್ಕೇ ಕೆಂಪು.

ಕ್ಲಬ್ಬಿನಲ್ಲಿ ಹಳದಿ ಕೆಂಪು ಬಳಿದ ಕಲ್ಲು ಇದ್ದದ್ದು ಒಂದೇ ಜಾಗದಲ್ಲಿ, ಧ್ವಜಕಟ್ಟೆಯಲ್ಲಿ. ಪ್ರತಿ ವರ್ಷ ರಾಜ್ಯೋತ್ಸವಕ್ಕೆ ಹೊಸದಾಗಿ ಬಳಿಸುತ್ತಿದ್ದರು. ಆ ವರ್ಷ ನವೆಂಬರ್ ಒಂದರಂದು ಸೇತುರಾಮ ಊರಲ್ಲಿರಲಿಲ್ಲ; ಚೂಡಾಮಣಿಯ ತಮ್ಮನ ಗೃಹಪ್ರವೇಶಕ್ಕೆ ಮೈಸೂರಿಗೆ ಹೋಗಿದ್ದ.

ಸಂಗಮೇಶ ಬಿಟಿಎಂ ಲೇಔಟಿನಲ್ಲಿ ಬಾಡಿಗೆ ಕೋಣೆಯಲ್ಲಿದ್ದ. ಕ್ಲಬ್ಬಿನಿಂದ ಬಿಡಿಸಿದ ಮೇಲೆ ಮಡಿವಾಳದ ಒಂದು ಲಾಡ್ಜಿನಲ್ಲಿ ಗಾಡಿಗಳನ್ನು ನಿಲ್ಲಿಸಿಕೊಡುವ ಕೆಲಸ ಹಿಡಿದಿದ್ದ. ಸೇತುರಾಮ ಲಾಡ್ಜಿನ ಮುಂದೆ ಸ್ಕೂಟರ್ ನಿಲ್ಲಿಸಿ ಕೇಳಿದ್ದು ಒಂದೇ ಪ್ರಶ್ನೆ.

"ರಾಜ್ಯೋತ್ಸವದ ದಿನ ಗಾಡಿ ಓಡಿಸಿದ್ದು ಯಾರು?"

ಸಂಗಮೇಶ ಸೀಟಿ ಬಾಯಿಂದ ತೆಗೆದು ತಲೆ ತಗ್ಗಿಸಿದ. "ಅಧ್ಯಕ್ಷರರೀ ಸರ. ಗಾಡಿಗೆ ಹೂವಿನ ಹಾರ ಹಾಕಿ, ಬಾವುಟ ಕಟ್ಟಿ, ತಾವೇ ಕುಂತು ಗ್ರೌಂಡ್ ಸುತ್ತಿದ್ರು. ಎಲ್ಲಾರೂ ಊಟಕ್ಕ ಒಳಗ ಹೋದಮ್ಯಾಗ ಇನ್ನೊಂದು ರೌಂಡ್ ಹೊಡೀತೀನಿ ಅಂದ್ರು, ಬ್ಲೇಡೂ ಚಾಲೂ ಮಾಡಿಸಿದ್ರು. ಬ್ಯಾಡ್ರೀ ಅಂದೆ, ಕೇಳಲಿಲ್ಲ. ತಿರುಗಿಸೋದು ತಿಳೀದ ಕಟ್ಟಿ ಮ್ಯಾಲೆ ಹತ್ತಿಸಿಬಿಟ್ರು. ಕಲ್ಲು ಕಿತ್ತು ಹೋತು, ಬ್ಲೇಡು ಸೊಟ್ಟಾತು. ಸ್ಟೋರಿನಾಗಿದ್ದ ಹೊಸಾ ಬ್ಲೇಡು ಹಾಕಿಸಿ, ಕಟ್ಟಿಗೆ ಸಿಮೆಂಟ್ ಮೆತ್ತಿಸಿ ಬಣ್ಣ ಬಳಿಸಿದ್ರು."

"ನಂಗ್ಯಾಕೆ ಹೇಳ್ಲಿಲ್ಲ?"

"ಬಾಯಿ ಮುಚ್ಚಿಕೊಂಡಿದ್ರ ನೌಕರಿ ಇರ್ತದ ಅಂದ್ರು ಸರ. ಬಾಯೂ ಮುಚ್ಚಿದೆ, ನೌಕರೀನೂ ಹೋತು."

ಸೇತುರಾಮ ಅವನ ಮೇಲೆ ಸಿಟ್ಟಾಗಲಿಲ್ಲ. ಸಿಟ್ಟು ಈಗ ಅಲ್ಲಿ ಇಲ್ಲಿ ಚೆಲ್ಲಾಡುವುದನ್ನು ಬಿಟ್ಟು ಒಂದೇ ಮುಖದ ಮೇಲೆ ನಿಂತಿತ್ತು. ತಾನು ಮಾಡಿದ ಹಾಳನ್ನು ಮುಚ್ಚಿಟ್ಟು, ಅದೇ ಹಾಳನ್ನು ತೋರಿಸಿ ನಗಿಸಿದ್ದ ವಸಿಷ್ಠ. ಭುಜದ ಮೇಲೆ ಕೈಯಿಟ್ಟು ವಯಸ್ಸಾಯ್ತು ಎಂದಿದ್ದ. ಸೇತುರಾಮನಿಗೆ ಎಷ್ಟೋ ದಿನಗಳ ಮೇಲೆ ಹಸಿವಾಯಿತು. ಸಂಗಮೇಶನನ್ನು ಕರೆದುಕೊಂಡು ಹೋಗಿ ಎದುರಿನ ದರ್ಶಿನಿಯಲ್ಲಿ ಇಡ್ಲಿ ವಡೆ ತಿಂದ.

"ಹೋಗಿ ಮುಖದ ಮೇಲೆ ಕೇಳಿಬಿಡಿ, ಮುಗೀತು" ಎಂದಳು ಮನೆಯಲ್ಲಿ ಎಲ್ಲ ಕೇಳಿದ ಚೂಡಾಮಣಿ.

"ಅವನು ನನ್ನ ರೂಮಲ್ಲಿ ಕರೆದು ಬೈದ್ನಾ? ಮೈಕಲ್ಲಿ ಹೇಳ್ದ. ನಾನೂ ಮೈಕಲ್ಲೇ ಹೇಳೋದು."

ಬೊಮ್ಮನಹಳ್ಳಿಯ ಲೇತ್ ಅಂಗಡಿಯಲ್ಲಿ ಹೊಸ ಶಾಫ್ಟ್ ಮಾಡಿಸಿ ಹಾಕಿದ. ಬಾಗಿದ್ದನ್ನು ಒರೆಸಿ ಮನೆಯ ಬೀರುವಿನಲ್ಲಿಟ್ಟ. ಗಾಡಿ ಈಗ ನೀರಿನ ಮೇಲೆ ತೇಲಿದ ಹಾಗೆ ಹೋಗಿ ಹುಲ್ಲನ್ನು ಒಂದೇ ಸಮಕ್ಕೆ ಇಳಿಸಿತು. ಚಿದಾನಂದ್ ಹೆಡ್ಮಾಸ್ಟರ ಹತ್ತಿರ ಮಾತಾಡಿ ಸಂಗಮೇಶನಿಗೆ ಶಾಲೆಯಲ್ಲೇ ಕೆಲಸ ಕೊಡಿಸಿದ. ಸೇತುರಾಮ ಸಂಬಳವಿಲ್ಲದೆ ದಿನಾ ಬಂದ. ಹೊಂಡ ತುಂಬಿಸಿದರು, ಕಲ್ಲು ಆರಿಸಿದರು, ರೋಲರ್ ಎಳೆಸಿದರು. ಬೇಸಿಗೆಯ ಹೊತ್ತಿಗೆ ಆ ಬಯಲು ಮೈದಾನವಾಗಿತ್ತು.

ಪ್ರತಿ ಏಪ್ರಿಲ್ ರಜೆಯಲ್ಲಿ ವಸಿಷ್ಠನ ತಂದೆ, ತೀರಿಕೊಂಡ ಮೇಷ್ಟ್ರ ನೆನಪಿನಲ್ಲಿ ಹುಡುಗರ ಪಂದ್ಯಾವಳಿ ನಡೆಯುತ್ತಿತ್ತು. ಸುತ್ತಮುತ್ತಲ ಕೆಲವು ಕ್ಲಬ್ಬುಗಳು ಸೇರಿ ನಡೆಸುತ್ತಿದ್ದರೂ ಅದು ಯಾವಾಗಲೂ ವಸಿಷ್ಠನ ಮೈದಾನದಲ್ಲೇ. ಆ ಸಲ ಚಿದಾನಂದ್ ಅಂಜನಾಪುರದ ಹೆಸರು ಕೊಟ್ಟ. ಆ ಕ್ಲಬ್ಬುಗಳ ಕೋಚ್‌ಗಳು ಎರಡೂ ಕಡೆ ಹೋಗಿ ನೋಡಿದರು. ಜೆ.ಪಿ. ನಗರದಲ್ಲಿ ಕಂಟ್ರಾಕ್ಟರ್ ಸವರಿದ ಹುಲ್ಲು ಬೋಳು ತೇಪೆಯಾಗಿತ್ತು. ಅಂಜನಾಪುರದಲ್ಲಿ ಒಬ್ಬ ಕೋಚ್ ಬೌಂಡರಿಯಿಂದ ಚೆಂಡು ಉರುಳಿಸಿದ. ಅದು ಕುಪ್ಪಳಿಸದೆ ಕೀಪರನ ಕೈಗೆ ಬಂತು. ಅಲ್ಲಿಗೆ ತೀರ್ಮಾನವಾಯಿತು.

ಸಂಜೆ ವಸಿಷ್ಠನ ಫೋನ್ ಬಂತು. "ಏನೋ ಸೇತು, ನಮ್ಮಪ್ಪನ ಟೂರ್ನಮೆಂಟನ್ನೇ ಕಿತ್ಕೊಂಡ್ಯಲ್ಲೋ?"

"ನಾನೆಲ್ಲಿ ಕಿತ್ಕೊಂಡೆ? ಗ್ರೌಂಡ್ ನೋಡಿದ್ರು, ಕೊಟ್ರು. ಫೈನಲ್ಲಿಗೆ ಚೀಫ್ ಗೆಸ್ಟ್ ನೀನೇ. ಬರ್ಬೇಕು. ಸನ್ಮಾನ ಇಟ್ಕೊಂಡಿದೀವಿ."

ವಸಿಷ್ಠ, "ನೀನು ದೊಡ್ಡ ಮನುಷ್ಯ ಕಣೋ" ಎಂದ. ಸೇತುರಾಮ ಫೋನ್ ಇಟ್ಟು ನಕ್ಕ. ಆ ನಗು ಚೂಡಾಮಣಿಗೆ ಹಿಡಿಸಲಿಲ್ಲ.

"ಬೇಡ ರೀ. ಅವತ್ತು ಅವರಮ್ಮನೂ ಬರ್ತಾರೆ. ನಿಮಗೆ ಅನ್ನ ಹಾಕಿದ ಕೈ ಅದು."

"ಅವರೂ ಕೇಳ್ಲಿ."

ಫೈನಲ್ಲಿನ ದಿನ ಬಿಸಿಲು ಚೆನ್ನಾಗಿತ್ತು. ಶಾಮಿಯಾನದ ಕೆಳಗೆ ಅಪ್ಪ ಅಮ್ಮಂದಿರು, ಬೇರೆ ಕ್ಲಬ್ಬಿನವರು, ಡಿಸೆಂಬರಿನ ಸಭೆಯಲ್ಲಿ ನಕ್ಕವರೂ ಅನೇಕರು. ಮುಂದಿನ ಸಾಲಿನ ಕುರ್ಚಿಯಲ್ಲಿ ಮೇಷ್ಟ್ರ ಹೆಂಡತಿ, ತೊಂಬತ್ತರ ಹತ್ತಿರದ ಮುದುಕಿ, ಮಡಿಲಲ್ಲಿ ಕೋಲಿಟ್ಟುಕೊಂಡು ಕೂತಿದ್ದರು. ಆಟ ಮುಗಿದು ಗೆದ್ದ ತಂಡದ ಹುಡುಗರು ಬಿಸಿಲಲ್ಲಿ ಸಾಲಾಗಿ ನಿಂತರು. ಚಿದಾನಂದ್ ಸನ್ಮಾನದ ಘೋಷಣೆ ಮಾಡಿದ.

ಸೇತುರಾಮ ತಾನೇ ಶಾಲು ಹೊದಿಸಿದ. ಮೈಸೂರು ಪೇಟ ಇಟ್ಟ. ಏಲಕ್ಕಿ ಹಾರ ಹಾಕಿದ. ಹಣ್ಣಿನ ಬುಟ್ಟಿ ಕೊಟ್ಟ. ಪ್ರತಿಯೊಂದಕ್ಕೂ ಚಪ್ಪಾಳೆ ಬಿತ್ತು. ಕೊನೆಗೆ ನೆನಪಿನ ಕಾಣಿಕೆಯನ್ನು ಸಂಗಮೇಶ ತಟ್ಟೆಯಲ್ಲಿಟ್ಟುಕೊಂಡು ಬಂದ. ಅದರ ಮೇಲಿನ ಬಟ್ಟೆ ಸರಿಸಿ ಸೇತುರಾಮ ವಸಿಷ್ಠನ ಎರಡೂ ಕೈಗೆ ಕೊಟ್ಟ. ತೇಗದ ಹಲಗೆಯ ಮೇಲೆ ಕೂರಿಸಿದ, ಬಾಗಿದ ಒಂದು ಕಬ್ಬಿಣದ ಕಂಬಿ. ಹಲಗೆಗೆ ಹಳದಿ ಕೆಂಪು ಬಣ್ಣ ಬಳಿದಿತ್ತು.

ಏನೆಂದು ಗೊತ್ತಾಗದಿದ್ದರೂ ಜನ ಚಪ್ಪಾಳೆ ತಟ್ಟಿದರು. ವಸಿಷ್ಠ ಮಾತ್ರ ಬಣ್ಣ ನೋಡಿದ, ಕಂಬಿ ನೋಡಿದ, ತಟ್ಟೆ ಹಿಡಿದು ನಿಂತಿದ್ದ ಸಂಗಮೇಶನ ಮುಖ ನೋಡಿದ.

"ಸೇತು," ಎಂದ ಮೆಲ್ಲಗೆ. "ಇಲ್ಲಿ ಬೇಡ ಕಣೋ. ಅಮ್ಮ ಇದಾರೆ."

ಸೇತುರಾಮ ಮೈಕ್ ತೆಗೆದುಕೊಂಡ.

"ಇದೇನು ಅಂತ ನಿಮಗೆಲ್ಲ ಆಶ್ಚರ್ಯ ಇರಬಹುದು. ಹುಲ್ಲು ಕೊಯ್ಯೋ ಗಾಡಿಯ ಶಾಫ್ಟು. ಇದು ಬಾಗಿದ್ದಕ್ಕೇ ಕ್ಲಬ್ಬಿನ ಗ್ರೌಂಡು ಹಾಳಾಗಿದ್ದು, ಒಬ್ಬನ ತುಟಿ ಸೀಳಿದ್ದು. ಇದನ್ನ ಬಗ್ಗಿಸಿದ್ದು ನಾನಲ್ಲ. ಸಂಗಮೇಶ ಅಲ್ಲ. ರಾಜ್ಯೋತ್ಸವದ ದಿನ ಗಾಡಿ ಮೇಲೆ ಮೆರವಣಿಗೆ ಹೋಗಿ ಧ್ವಜಕಟ್ಟೆಗೆ ಹತ್ತಿಸಿದವರು ಬಗ್ಗಿಸಿದ್ರು. ಬ್ಲೇಡು ಬದಲಾಯಿಸಿ, ಕಟ್ಟೆಗೆ ಬಣ್ಣ ಬಳಿಸಿ, ತಿಂಗಳಾದ ಮೇಲೆ ಸಭೆ ಕರೆದು ನನ್ನನ್ನ ಕಟಿಂಗ್ ಶಾಪಿನ ಓನರ್ ಅಂದ್ರು. ಅವತ್ತು ನಕ್ಕವರು ಇಲ್ಲಿ ಬಹಳ ಜನ ಇದೀರಿ. ನಗಿ, ಈಗ್ಲೂ ನಗಿ. ಸಂಗಮೇಶನ ಕೆಲಸಾನೂ ಕಳೆದ್ರು. ಅಂಥವರಿಗೆ ಬರೀ ಶಾಲು ಹೊದಿಸಿದ್ರೆ ಸಾಲದು ಅಂತ ಇದನ್ನೂ ಕೊಟ್ಟಿದೀನಿ. ಮನೆ ಷೋಕೇಸಲ್ಲಿ ಇಟ್ಕೊಳ್ಳಲಿ."

ಯಾರೂ ನಗಲಿಲ್ಲ. ಚಿದಾನಂದ್ ಮೈಕಿಗೆ ಕೈ ಹಾಕಿದ, ಸೇತುರಾಮ ಬಿಡಲಿಲ್ಲ. ಅಷ್ಟರಲ್ಲಿ ಮುಂದಿನ ಸಾಲಿನಿಂದ ಕೋಲು ಊರಿಕೊಂಡು ಮೇಷ್ಟ್ರ ಹೆಂಡತಿ ಎದ್ದರು. ಸೇತುರಾಮನ ಕಡೆ ನೋಡದೆ ಮಗನನ್ನೇ ಕೇಳಿದರು.

"ವಸಿ, ನೀನೇನೋ ಮಾಡಿದ್ದು?"

ವಸಿಷ್ಠ ಪೇಟ ತೆಗೆದು ಕುರ್ಚಿಯ ಮೇಲಿಟ್ಟ. "ಹೌದಮ್ಮ."

"ಗೊತ್ತಿದ್ದೂ ಅವನ ಮೇಲೆ ಹಾಕಿದ್ಯಾ?"

"ಹೂಂ."

ಆಕೆ ಈಗ ಸೇತುರಾಮನ ಕಡೆ ತಿರುಗಿದರು. ಅವನು ಬೈಗುಳಕ್ಕೂ ಅಳುವಿಗೂ ತಯಾರಾಗಿ ನಿಂತಿದ್ದ.

"ನಿಂಗೆ ಸಮಾಧಾನ ಆಯ್ತೇನೋ?"

ಸುಳ್ಳು ಹೇಳುವುದು ಅವನಿಂದಾಗಲಿಲ್ಲ. "ಆಯ್ತಮ್ಮ" ಎಂದ.

"ಹಾಗಾದ್ರೆ ಮಕ್ಕಳಿಗೆ ಕಪ್ಪು ಕೊಡ್ರೋ. ಆವಾಗಿಂದ ಬಿಸಿಲಲ್ಲಿ ನಿಂತಿದಾರೆ."

ಕಪ್ಪನ್ನು ಆಕೆಯೇ ಕೋಲು ಬದಿಗಿಟ್ಟು ಕೊಟ್ಟರು. ವಸಿಷ್ಠ ಶಾಲು, ಹಾರ, ಬುಟ್ಟಿ ಎಲ್ಲವನ್ನೂ ಅಲ್ಲೇ ಬಿಟ್ಟು ಹೋದ. ಶಾಫ್ಟನ್ನು ಮಾತ್ರ ಕೈಯಲ್ಲಿ ಹಿಡಿದುಕೊಂಡೇ ಕಾರು ಹತ್ತಿದ. ಅದು ಕೈಯಲ್ಲಿರುವುದು ಅವನ ಗಮನಕ್ಕೇ ಬಂದಿರಲಿಲ್ಲವೋ ಏನೋ.

ಮುಂದಿನ ತಿಂಗಳು ಕ್ಲಬ್ಬಿನವರು ಸಭೆ ಸೇರಿ ವಸಿಷ್ಠನ ರಾಜೀನಾಮೆ ತೆಗೆದುಕೊಂಡರು. ಇಬ್ಬರು ಸದಸ್ಯರು ಬನಶಂಕರಿಗೆ ಬಂದು, ಸೋಫಾದ ತುದಿಯಲ್ಲಿ ಕೂತು, ಸೇತುರಾಮ ವಾಪಸು ಬರಬೇಕೆಂದು ಕೇಳಿದರು. ಅವನು ಇಬ್ಬರ ಮುಖವನ್ನೂ ಗುರುತಿಸಿದ, ನಕ್ಕವರೇ. ಕಾಫಿ ಕುಡಿಯುವವರೆಗೂ ಕಾದು, "ಬರಲ್ಲ" ಎಂದ. ಅವರು ಮತ್ತೆ ಕೇಳಲಿ ಎಂದು ಸುಮ್ಮನೆ ಕೂತ. ಮತ್ತೆ ಕೇಳಿದರು. ಮತ್ತೆ "ಬರಲ್ಲ" ಎಂದ. ಅವರು ಗೇಟು ದಾಟಿದ ಮೇಲೆ ಚೂಡಾಮಣಿ ಲೋಟ ಎತ್ತುತ್ತ, "ನಕ್ಕವರಲ್ಲಿ ಇನ್ನೂ ಎಷ್ಟು ಜನ ಉಳಿದಿದಾರೆ?" ಎಂದು ಕೇಳಿದಳು. ಆಕೆ ಕೆಲವು ದಿನ ಅವನೊಂದಿಗೆ ಅಗತ್ಯಕ್ಕಷ್ಟೇ ಮಾತಾಡಿದಳು.

ವಸಿಷ್ಠನೂ ಅವನೂ ಮಾತು ಬಿಟ್ಟರು. ಮಳೆಗಾಲದಲ್ಲಿ ಮೇಷ್ಟ್ರ ಹೆಂಡತಿ ಹಾಸಿಗೆ ಹಿಡಿದಾಗ ಸೇತುರಾಮ ನೋಡಲು ಹೋದ. ಬಾಗಿಲು ತೆರೆದವನು ವಸಿಷ್ಠ. ಏನೂ ಹೇಳದೆ ಪಕ್ಕಕ್ಕೆ ಸರಿದು ದಾರಿ ಬಿಟ್ಟ. ಸೇತುರಾಮ ಒಳಗೆ ಹೋಗಿ, ಅರ್ಧ ಗಂಟೆ ಮಂಚದ ಪಕ್ಕ ಕೂತು, ಆಕೆಯ ಕಾಲು ಒತ್ತಿ, ಅದೇ ಬಾಗಿಲಿನಿಂದ ಹೊರಗೆ ಬಂದ.

ಪಶ್ಚಾತ್ತಾಪ ಏನಾದರೂ ಇದೆಯೇ ಎಂದು, ಬನಶಂಕರಿಯಲ್ಲಿ ಅವನ ಪಕ್ಕದ ಮನೆಯವನಾದ ನಾನೇ ಸೇತುರಾಮನನ್ನು ಒಂದು ಸಲ ಕೇಳಿದ್ದೆ. ಅಂಜನಾಪುರದ ಮೈದಾನದ ಅಂಚಿನಲ್ಲಿ ನಿಂತಿದ್ದೆವು. "ಅಮ್ಮನ ಎದುರಿಗೆ ಹೇಳಿದ್ದಕ್ಕೆ ಒಂದೊಂದ್ಸಲ ಬೇಜಾರಾಗತ್ತೆ" ಎಂದ. "ಆದರೆ ಅವನು ಹೌದಮ್ಮ ಅಂದಿದ್ದು ಅವರು ಕೇಳಿದ್ದಕ್ಕೇ. ನಾನು ಕೇಳಿದ್ರೆ ಅಂತಿದ್ನಾ?" ಎಂದ. ಅಷ್ಟರಲ್ಲಿ ಸಂಗಮೇಶ ಗಾಡಿ ತುಂಬ ಜೋರಾಗಿ ಓಡಿಸುತ್ತಿರುವುದು ಕಣ್ಣಿಗೆ ಬಿದ್ದು, ನನ್ನನ್ನು ಅಲ್ಲೇ ಬಿಟ್ಟು, ಬೈಯುತ್ತ ಹುಲ್ಲಿನ ಮೇಲೆ ಓಡಿದ.